ದರ್ಜಿಯ ಗೋಡೆ

ಎಲ್ಲಕ್ಕೂ ಮೂಲ ಒಂದು ಗೋಡೆ. ಪಕ್ಕದ ಮನೆಯಲ್ಲಿದ್ದ ಒಡಹುಟ್ಟಿದ ಅಣ್ಣನ ಮೇಲಿನ ಸಿಟ್ಟಿಗೆ ದರ್ಜಿ ಅದನ್ನು ಕಟ್ಟಿಸಿದ್ದ. ಸಿಟ್ಟು ಯಾಕೆ ಬಂತೆಂಬುದು ಈಗ ಇಬ್ಬರಿಗೂ ನೆನಪಿಲ್ಲ. ಗೋಡೆ ಮಾತ್ರ ಉಳಿದಿತ್ತು. ಗಡಿಯಾರ ರಿಪೇರಿ ಮಾಡುವ ಅಣ್ಣನ ಕಿಟಕಿಗೆ ಬೆಳಕು ತಪ್ಪಿತು. ಅವನು ಕೋರ್ಟಿಗೆ ಹೋದ. ಗೋಡೆ ಒಡೆಯಬೇಕೆಂದು ಆದೇಶವಾಯಿತು.

ದರ್ಜಿ ಗಿರಾಕಿಗಳಿಗೆ ಹೇಳುವ ಮಾತನ್ನೇ ಕೋರ್ಟಿಗೂ ಹೇಳುತ್ತ ಬಂದ: ನಾಳೆ ಆಗುತ್ತದೆ. ಗಿರಾಕಿಗಳು ಸಹಿಸಿಕೊಂಡಿದ್ದರು, ಕೋರ್ಟು ಸಹಿಸಲಿಲ್ಲ. ನ್ಯಾಯಾಂಗ ನಿಂದನೆಯ ನೋಟಿಸು ಬಂತು. ಅಂದಿನಿಂದ ಅವನ ವಕೀಲರು ಫೋನ್ ಮಾಡಿ ಕೇಳುವುದು ಒಂದೇ ಮಾತು, "ಒಡೆದ್ರಾ?" ಕೊನೆಗೆ ದರ್ಜಿ ಫೋನ್ ಎತ್ತುವುದನ್ನೇ ಬಿಟ್ಟ.

ವಿಚಾರಣೆಯ ದಿನ ಬೆಳಿಗ್ಗೆ ಹೆಂಡತಿ, ಜೈಲಿನಲ್ಲೂ ಹೊಲಿಗೆ ಕೆಲಸ ಕೊಡುತ್ತಾರಂತೆ, ಅಲ್ಲಿ ನಾಳೆ ಅಂದರೆ ನಡೆಯುವುದಿಲ್ಲವಂತೆ ಎಂದಳು. ದರ್ಜಿ ಸುತ್ತಿಗೆ ಹಿಡಿದ. ಮೇಲಿನಿಂದ ಒಡೆಯಬೇಕೆಂದು ಎದುರು ಅಂಗಡಿಯ ಕ್ಷೌರಿಕ ಹೇಳಿದ. ಬುಡದಿಂದ ಎಂದರು ನಿವೃತ್ತ ಮೇಷ್ಟ್ರು. ಯಾರನ್ನೂ ನೋಯಿಸಲಾರದೆ ದರ್ಜಿ ಎರಡೂ ಕಡೆ ಒಡೆದ. ಜೇಬಿನಲ್ಲಿ ಫೋನ್ ಒಂದೇ ಸಮನೆ ಹೊಡೆದುಕೊಳ್ಳುತ್ತಿತ್ತು. "ಒಡೀತಾ ಇದೀನಲ್ಲ ಸಾರ್" ಎಂದು ಜೇಬಿಗೇ ಹೇಳಿದ. ಗೋಡೆ ಕುಡುಕನಂತೆ ಒಮ್ಮೆ ತೂಗಿ, ಇಸ್ತ್ರಿ ಮಾಡಿ ನೇತುಹಾಕಿದ್ದ ಗಿರಾಕಿಯ ಕೋಟಿನ ಮೇಲೆ ಮಲಗಿತು.

ಧೂಳು ಇಳಿದಾಗ ಅಣ್ಣನ ಕಿಟಕಿ ಕಂಡಿತು. ಒಳಗೆ ಖಾಲಿ ಕುರ್ಚಿ, ಮೇಜಿನ ಮೇಲೆ ಹಗಲಲ್ಲೂ ಉರಿಯುತ್ತಿದ್ದ ಬಲ್ಬು. ಇಷ್ಟು ದಿನ ಅಣ್ಣ ಆ ಬಲ್ಬಿನಡಿ ಕಣ್ಣು ಸವೆಸಿದ್ದನೆಂಬುದು ದರ್ಜಿಗೆ ಆಗ ಹೊಳೆಯಿತು. ಸುತ್ತಿಗೆ ಕೈಯಲ್ಲಿ ಭಾರವಾಯಿತು.

ಹಿಟ್ಟಿನ ಗಿರಣಿಯಿಂದ ಎದ್ದು ಬಂದವನಂತೆ ಅವನು ಕೋರ್ಟಿಗೆ ಹೋದ. ಗೋಡೆ ಒಡೆದೆನೆಂದು ಹೆಮ್ಮೆಯಿಂದ ಹೇಳಿದ್ದೇ ತಡ, ವಕೀಲರು ತಲೆಯ ಮೇಲೆ ಕೈ ಹೊತ್ತರು. ಹಿಂದಿನ ಸಂಜೆಯಷ್ಟೇ ಅಣ್ಣ ಕೋರ್ಟಿಗೆ ಬಂದು, ತಮ್ಮ ಜೈಲಿಗೆ ಹೋಗುವುದಾದರೆ ತನಗೆ ಬೆಳಕೇ ಬೇಡ ಎಂದಿದ್ದನಂತೆ. ಅಣ್ಣತಮ್ಮಂದಿರು ಕೂತು ರಾಜಿ ಮಾಡಿಕೊಳ್ಳುವವರೆಗೆ ಗೋಡೆಯನ್ನು ಯಾರೂ ಮುಟ್ಟಬಾರದೆಂದು ಹೊಸ ಆದೇಶವಾಗಿತ್ತು.

ನ್ಯಾಯಾಧೀಶರು ಕನ್ನಡಕ ತೆಗೆದರು. "ಇರಬಾರದು ಅಂದಾಗ ಉಳಿಸ್ಕೊಂಡ್ರಿ. ಇರಲಿ ಅಂದಾಗ ಒಡೆದ್ರಿ."

ಗೋಡೆ ಹೋದದ್ದೇ ಒಳ್ಳೆಯದಾಯಿತೆಂದು ಅಣ್ಣ ಎದ್ದು ನಿಂತು ಬೇಡಿಕೊಂಡ. ಆದೇಶ ಆದೇಶವೇ, ಮೊದಲು ಗೋಡೆ ಇದ್ದ ಹಾಗೆ ಕಟ್ಟಿ, ಆಮೇಲೆ ಒಡೆಯಲು ಇಬ್ಬರೂ ಸೇರಿ ಅರ್ಜಿ ಹಾಕಿ ಎಂದರು ನ್ಯಾಯಾಧೀಶರು. ಇವತ್ತೇ ಕಟ್ಟದಿದ್ದರೆ ಮತ್ತೆ ನಿಂದನೆ.

ಮಧ್ಯಾಹ್ನ ದರ್ಜಿ ಕಟ್ಟಲು ಕೂತ. ಅಣ್ಣ ಆ ಕಡೆಯಿಂದ, ಗಡಿಯಾರ ಉಜ್ಜುವ ಬ್ರಷ್ಷಿನಲ್ಲಿ ಇಟ್ಟಿಗೆಗಳನ್ನು ಒಂದೊಂದಾಗಿ ಒರೆಸಿ ಕೊಡತೊಡಗಿದ.

"ಯಾಕೋ ಕಟ್ಟಿದ್ದೆ ಇದನ್ನ?"

"ನೆನಪಿಲ್ಲಣ್ಣ."

"ನನಗೂ ಇಲ್ಲ. ನಿಧಾನ ಕಟ್ಟು."

ಗೋಡೆ ಕತ್ತಿನ ಮಟ್ಟಕ್ಕೆ ಬಂತು. ಅಣ್ಣನ ಮುಖ ಮಾತ್ರ ಕಾಣುತ್ತಿತ್ತು. ಇನ್ನು ಮೂರ್ನಾಲ್ಕು ಸಾಲು ಇಟ್ಟಿಗೆ ಇಟ್ಟರೆ ಅದೂ ಇಲ್ಲ. ಫೋನ್ ಬಡಿದುಕೊಂಡಿತು. ಬುದ್ಧಿ ಕಲಿತಿದ್ದ ದರ್ಜಿ ಈ ಸಲ ತಕ್ಷಣ ಎತ್ತಿದ.

"ಕಟ್ಟಿದ್ರಾ?" ಎಂದರು ವಕೀಲರು.

ದರ್ಜಿ ಕೈಯಲ್ಲಿದ್ದ ಇಟ್ಟಿಗೆಯನ್ನು ಮೆಲ್ಲಗೆ ಕೆಳಗಿಟ್ಟ.

"ನಾಳೆ ಆಗುತ್ತೆ ಸಾರ್."