ಬಡ್ಡಿ, ದಂಡ ಮತ್ತು ಮೋಸಂಬಿ

ಹೆದರುವುದರಲ್ಲಿ ನನ್ನಷ್ಟು ಪಳಗಿದವರು ಪುಣೆಯಲ್ಲಿ ಇನ್ನೊಬ್ಬರು ಇರಲಾರರು. ರಸ್ತೆ ದಾಟುವಾಗ ಹಿಂಜವಾಡಿಯ ಕಂಪನಿ ಕ್ಯಾಬುಗಳಿಗೆ ಹೆದರುತ್ತೇನೆ, ಬ್ಯಾಂಕಿನವರ ಫೋನಿಗೆ ಹೆದರುತ್ತೇನೆ, ಕೊರಿಯರ್‌ನವನು ಸಹಿ ಕೇಳಿದರೆ ಹೆಂಡತಿಯನ್ನು ಮುಂದೆ ಮಾಡುತ್ತೇನೆ. ಇಂಥ ಪುಕ್ಕಲ ಯಾವ ಧೈರ್ಯದ ಮೇಲೆ ಖಡಕ್ ರೊಟ್ಟಿಯ ಕಾರ್ಖಾನೆ ಇಟ್ಟ ಎಂದು ನೀವು ಕೇಳಬಹುದು. ವಿಮೆಯ ಧೈರ್ಯದ ಮೇಲೆ, ಸ್ವಾಮಿ! ಕಾರ್ಖಾನೆ ಎಂದರೆ ದೊಡ್ಡದೇನಲ್ಲ; ಒಂದು ತಗಡಿನ ಶೆಡ್ಡು, ಹಿಟ್ಟು ನಾದುವ ಒಂದು ಯಂತ್ರ, ನಮ್ಮ ಬಾಗಲಕೋಟೆ ಕಡೆಯ ನಾಲ್ಕಾರು ಹೆಣ್ಣುಮಕ್ಕಳು. ಶೆಡ್ಡಿಗೆ ಬಾಗಿಲು ಕೂಡಿಸುವ ಮೊದಲೇ ಕೆಲಸಗಾರರ ಅಪಘಾತ ಪರಿಹಾರಕ್ಕೆಂದು ಪಾಲಿಸಿ ಮಾಡಿಸಿದ್ದೆ. ಅದಕ್ಕೆ ಚೌಕಟ್ಟು ಹಾಕಿಸಿ ಲಕ್ಷ್ಮಿಯ ಫೋಟೋದ ಪಕ್ಕದಲ್ಲೇ ತೂಗುಹಾಕಿ, ಊದಿನಕಡ್ಡಿಯ ಹೊಗೆಯಲ್ಲಿ ಅದಕ್ಕೂ ಒಂದು ಪಾಲು ಸಿಗುವಂತೆ ನೋಡಿಕೊಂಡಿದ್ದೆ. ಓದಿರಲಿಲ್ಲ, ಅಷ್ಟೆ.

ಒಂದು ದಿನ ಆ ಯಂತ್ರದಲ್ಲಿ ಆ ಹೆಣ್ಣುಮಕ್ಕಳಲ್ಲಿ ಒಬ್ಬಳಾದ ನೀಲವ್ವನ ಬಲಗೈ ಸಿಕ್ಕಿತು. ಎರಡು ಬೆರಳು ಹೋದವು. ಆಸ್ಪತ್ರೆಗೆ ಸೇರಿಸಿದೆ, ಅಲ್ಲಿಯ ಬಿಲ್ಲು ಕಟ್ಟಿದೆ, ವಿಮೆಯವರಿಗೆ ಸುದ್ದಿ ಮುಟ್ಟಿಸಿದೆ. ಅಲ್ಲಿಗೆ ನನ್ನ ಮನುಷ್ಯತ್ವ ಮುಗಿದು ಹೆದರಿಕೆ ಶುರುವಾಯಿತು. ಪಕ್ಕದ ಶೆಡ್ಡಿನಲ್ಲಿ ಪ್ಲಾಸ್ಟಿಕ್ ಡಬ್ಬಿ ಮಾಡುವ ಪಾಟೀಲರು ಬಂದು ಕಿವಿಯಲ್ಲಿ ಹೇಳಿದರು: "ಇನ್ನ ಆಕಿ ಮನಿ ಕಡೆ ಹಾಯಬ್ಯಾಡ್ರಿ. ಹಣ್ಣು ತೊಗೊಂಡು ಹೋದ್ರ ತಪ್ಪು ಒಪ್ಕೊಂಡಂಗ ಆಗ್ತದ. ಪರಿಹಾರದ ರೊಕ್ಕಾನೂ ಕಟ್ಟಬ್ಯಾಡ್ರಿ. ವಿಮಾದವ್ರು ಅದಾರಲ್ಲ, ನೋಡ್ಕೋತಾರ."

ನಾವಾದರೋ ನೆಗಡಿ ಬಂದವರನ್ನೂ ಮಾತಾಡಿಸಿಕೊಂಡು ಬರುವ ಜನ. ನಮ್ಮಲ್ಲಿ ಮದುವೆ ತಪ್ಪಿಸಿದರೆ ಕ್ಷಮೆ ಉಂಟು, ಹಾಸಿಗೆ ಹಿಡಿದವರನ್ನು ನೋಡಲು ಹೋಗದಿದ್ದರೆ ಇಲ್ಲ. ನನ್ನ ಹೆಂಡತಿ ಸರೋಜಾ ದಿನಾ ಚಹಾದ ಜೊತೆ ಇದನ್ನೇ ಶುರುಮಾಡುತ್ತಿದ್ದಳು: "ಏನ್ರೀ, ನೀಲವ್ವನ್ನ ಮಾತಾಡಿಸ್ಕೊಂಡು ಬರೂಣು ನಡೀರಿ. ಜನಾ ಏನಂದಾರು?"

"ಜನಾ ಬಿಡು, ಕೋರ್ಟು ಏನಂದೀತು!" ಎಂದು ನಾನು ಪೇಪರಿನ ಹಿಂದೆ ಅಡಗುತ್ತಿದ್ದೆ. ಮಾರ್ಕೆಟ್ಟಿನಲ್ಲಿ ಹಣ್ಣಿನ ಗಾಡಿ ಕಂಡರೂ ಆ ಕಡೆಯ ಫುಟ್‌ಪಾತಿಗೆ ದಾಟಿಬಿಡುತ್ತಿದ್ದೆ.

ಹೀಗೆ ತಿಂಗಳುಗಳು ಉರುಳಿದವು. ವಿಮೆಯವರು ಇವತ್ತು ನಾಳೆ ಎನ್ನುತ್ತಲೇ ಇದ್ದರು. ಕಡೆಗೆ ಕೆಲಸಗಾರರ ಪರಿಹಾರದ ಸರ್ಕಾರಿ ಕಚೇರಿಯಿಂದ, ಹಣ ಯಾಕೆ ಕಟ್ಟಿಲ್ಲವೆಂದು, ನನಗೆ ನೋಟಿಸು ಬಂತು. ಚೌಕಟ್ಟನ್ನು ಗೋಡೆಯಿಂದ ಇಳಿಸಿ, ಕಂಕುಳಲ್ಲಿ ಇರುಕಿಕೊಂಡು, ನಮ್ಮವರೇ ಆದ ದೇಸಾಯಿ ವಕೀಲರ ಹತ್ತಿರ ಓಡಿದೆ. ಅವರು ಗಾಜಿನ ಮೇಲಿನ ಕುಂಕುಮ ಒರೆಸಿ, ಮೊಳೆ ಕಿತ್ತು, ಪಾಲಿಸಿಯನ್ನು ಬಿಡಿಸಿಕೊಂಡು ಓದಿದರು.

"ಪರಿಹಾರದ ಅಸಲು ವಿಮಾದವ್ರ ಮ್ಯಾಲೆ," ಎಂದರು. "ತಡಾ ಆದದ್ದಕ್ಕ ಬಡ್ಡಿ ಬೀಳ್ತದ. 'ಬಡ್ಡಿ ನಮಗ ಸಂಬಂಧ ಇಲ್ಲ' ಅಂತ ಕೆಲವು ಪಾಲಿಸಿಯೊಳಗ ಬರದಿರ್ತಾರ. ನಿಮ್ಮದರಾಗ ಹಂಗ ಬರದಿಲ್ಲ, ಪುಣ್ಯಾ ಮಾಡೀರಿ. ಬಡ್ಡೀನೂ ಅವ್ರ ಕೊಡಬೇಕು."

ಜೀವ ಬಂತು. ಎದ್ದು ಕೈ ಮುಗಿದೆ.

"ಕೂಡ್ರಿ ರಾಯರ. ದಂಡ ಐತಿ ಇನ್ನಾ. ಸರಿಯಾದ ಕಾರಣ ಇಲ್ಲದ ತಡಾ ಮಾಡಿದ ಮಾಲಕರಿಗೆ ಬೀಳೂದು ಅದು. ವಿಮಾದವ್ರು ಅದನ್ನ ಮುಟ್ಟೂದಿಲ್ಲ, ನಿಮ್ಮ ಕಿಸೇದಿಂದನ ಹೋಗಬೇಕು. ಯಾಕ ತಡಾ ಮಾಡಿದ್ರಿ ಅಂತ ಪರಿಹಾರದ ಕಚೇರಿ ಸಾಹೇಬ್ರು ಕೇಳ್ತಾರ. ಏನು ಹೇಳ್ತೀರಿ?"

ಅಳುಕುತ್ತಲೇ ಕೇಳಿದೆ: "ಮತ್ತ... ಹಣ್ಣು ಒಯ್ದ್ರ?"

ವಕೀಲರು ಕನ್ನಡಕ ತೆಗೆದು ನನ್ನನ್ನೇ ನೋಡಿದರು. "ಹಣ್ಣು ಒಯ್ದವ್ರನ್ನ ಯಾವ ಕಾಯ್ದೇನೂ ಹಿಡಿಯೂದಿಲ್ರಿ! ಇವತ್ತ ಹೋಗಿ ಆಕಿನ್ನ ಮಾತಾಡಿಸ್ರಿ. ನಾಳೆ ಪರಿಹಾರದ ಕಚೇರಿಗೆ ಬಂದು ರೊಕ್ಕಾ ಕಟ್ಟ್ರಿ. ವಿಮಾದವ್ರ ಕಡಿಂದ ಆಮ್ಯಾಲೆ ವಸೂಲ್ ಮಾಡೂಣು."

ರಿಕ್ಷಾದಲ್ಲಿ ಕೂತು, ಏರುವ ಮೀಟರನ್ನು ನೋಡುತ್ತ, ಕಾರಣ ಹುಡುಕಿದೆ. ಮೈ ಹುಷಾರಿರಲಿಲ್ಲವೇ? ರೊಟ್ಟಿ ತಿಂದು ಗಟ್ಟಿಮುಟ್ಟಾಗಿದ್ದೆ. ಪಾಟೀಲರು ಬೇಡವೆಂದರು ಎನ್ನಲೇ? ಮೀಸೆ ನರೆತವನು ಹೇಳುವ ಮಾತೇ ಇದು! ಹೆದರಿಕೆಯಾಗಿತ್ತು ಎಂದರೆ ಸಾಹೇಬರು ನಕ್ಕಾರು. ದಾರಿಯಲ್ಲಿ ಮೋಸಂಬಿ ಕೊಂಡೆ. ಗಾಡಿಯವನು ಚೀಲ ಕೊಡುವಾಗಲೂ ಹಿಂದೆ ಯಾರಾದರೂ ಫೋಟೋ ತೆಗೆಯುತ್ತಿದ್ದಾರೋ ಎಂದು ತಿರುಗಿ ನೋಡಿದೆ.

ನೀಲವ್ವ ಚಾಳಿನ ತನ್ನ ಖೋಲಿಯ ಬಾಗಿಲಲ್ಲೇ ಕೂತಿದ್ದಳು. ನನ್ನನ್ನು ಕಂಡವಳೇ ಧಡಕ್ಕನೆ ಎದ್ದು ಬಲಗೈಯನ್ನು ಸೆರಗಿನೊಳಗೆ ಮುಚ್ಚಿಕೊಂಡಳು. ಅವಳ ಮುಖ ಬಿಳಿಚಿತ್ತು. "ಸಾವಕಾರ್ರ, ಕೆಲಸಕ್ಕ ಬರಬ್ಯಾಡ ಅಂತ ಹೇಳಾಕ ಬಂದ್ರೇನ್ರಿ?"

ಅಯ್ಯೋ ನನ್ನ ಕರ್ಮವೇ! ಇಷ್ಟು ದಿನ ನಾನು ಇವಳಿಗೆ ಹೆದರಿ ಕೂತಿದ್ದೆ, ಇವಳು ನನಗೆ ಹೆದರಿ ಕೂತಿದ್ದಳು. ನಾಚಿಕೆಯಿಂದ ನನಗೆ ನೆಲ ನೋಡುವಂತಾಯಿತು.

"ಛೇ ಛೇ, ಇಲ್ಲವ್ವಾ! ಕೈ ವಾಸಿ ಆದಮ್ಯಾಲೆ ಬಾ, ಪ್ಯಾಕಿಂಗ್ ನೋಡ್ಕೊ. ನಾಳೆ ನಿನ್ನ ಪರಿಹಾರದ ರೊಕ್ಕಾ ಕಟ್ಟತೀನಿ," ಎಂದು ಚೀಲ ಮುಂದಿಟ್ಟೆ.

ಅವಳು ಕಣ್ಣೊರೆಸಿಕೊಂಡು ಚೀಲದೊಳಗೆ ಇಣುಕಿದಳು. "ಒಂದ ಕೈಲೆ ಇದನ್ನ ಹೆಂಗ ಸುಲೀಲ್ರಿ?" ಎಂದಳು.

ಅದೂ ಹೊಳೆದಿರಲಿಲ್ಲ ನನಗೆ. ಹೊಸ್ತಿಲ ಮೇಲೆ ಕೂತು ಸುಲಿಯತೊಡಗಿದೆ. ಒಂದೊಂದೇ ತೊಳೆ ಬಿಡಿಸಿ ಅವಳ ಎಡಗೈಗೆ ಇಡುತ್ತಿದ್ದೆ. ಎರಡು ತೊಳೆ ತಿಂದು ಅವಳು ಮೆಲ್ಲಗೆ ಕೇಳಿದಳು: "ಅಲ್ರೀ ಸಾವಕಾರ್ರ, ಯಾಕ ಇಷ್ಟು ತಡಾ ಮಾಡಿದ್ರಿ?"

ನಾನು ತಲೆ ತಗ್ಗಿಸಿ ಸಿಪ್ಪೆ ಸುಲಿಯುತ್ತಲೇ ಇದ್ದೆ. ಮೋಸಂಬಿ ಬೇಗ ಮುಗಿದುಹೋದವು. ಕಾಳು ಬಿಡಿಸಲು ಹೊತ್ತು ಹಿಡಿಯುವ ದಾಳಿಂಬೆಯನ್ನಾದರೂ ತರಬೇಕಿತ್ತು.