ಪದ್ದಕ್ಕನ ಓಟು, ನಮ್ಮ ಪ್ರಚಾರ

ಓಟಿಲ್ಲದವನಿಗೆ ಇರುವಷ್ಟು ರಾಜಕೀಯ ಜ್ಞಾನ ಓಟಿದ್ದವನಿಗೆ ಇರುವುದಿಲ್ಲ ಎಂಬುದು ನೈರೋಬಿಗೆ ಬಂದ ಮೇಲೆ ನನಗೆ ಹೊಳೆದ ಸತ್ಯ. ಆ ಭಾನುವಾರ ಪಂಗಾನಿಯಲ್ಲಿ ಪದ್ದಕ್ಕನ ಮನೆಯ ಹಜಾರದಲ್ಲಿ ಇಂಥ ಜ್ಞಾನಿಗಳು ನಾಲ್ಕು ಜನ ಕೂತಿದ್ದೆವು. ಇಂಡಸ್ಟ್ರಿಯಲ್ ಏರಿಯಾದ ಡಬ್ಬಿ ಕಾರ್ಖಾನೆಯೊಂದರಲ್ಲಿ ಮ್ಯಾನೇಜರ್ ಆಗಿದ್ದ ನಾನು, ನನ್ನ ಹೆಂಡತಿ ನಳಿನಿ, ಬೆಂಗಳೂರಿನ ಕಂಪನಿ ಟೆಲಿಕಾಂ ಕೆಲಸಕ್ಕೆಂದು ಕಳಿಸಿದ್ದ ಶ್ರೀನಾಥ, ಯಾವುದೋ ಅಂತರರಾಷ್ಟ್ರೀಯ ಸಂಸ್ಥೆಯಲ್ಲಿ ಕುಡಿಯುವ ನೀರಿನ ವಿಭಾಗ ನೋಡಿಕೊಳ್ಳುತ್ತಿದ್ದ ವಸುಧಾ. ಐದನೆಯವರಾದ ಪದ್ದಕ್ಕ ಅಡುಗೆಮನೆಯಲ್ಲಿ ನೀರುದೋಸೆ ಹೊಯ್ಯುತ್ತಿದ್ದರು. ನಮ್ಮ ಪೈಕಿ ಕೆನ್ಯಾದ ಪ್ರಜೆ ಅವರೊಬ್ಬರೇ. ಉಡುಪಿ ಕಡೆಯಿಂದ ಮದುವೆಯಾಗಿ ಬಂದವರು, ಗಂಡ ಇಲ್ಲೇ ಶಾಲಾ ಮೇಷ್ಟ್ರಾಗಿದ್ದರು, ಈ ದೇಶಕ್ಕೆ ಸ್ವಾತಂತ್ರ್ಯ ಬಂದಾಗ ಇಬ್ಬರೂ ಇಲ್ಲಿಯವರೇ ಆಗಿಬಿಟ್ಟರು. ಅಂದರೆ ಆ ಹಜಾರದ ಅಷ್ಟೂ ಜ್ಞಾನಕ್ಕೆ ಇದ್ದದ್ದು ಒಂದೇ ಓಟು, ಅದು ಒಲೆಯ ಮುಂದೆ ನಿಂತಿತ್ತು.

ಆ ವರ್ಷ ಕೆನ್ಯಾದಲ್ಲಿ ಹೊಸ ಸಂವಿಧಾನದ ಪ್ರಕಾರ ಪ್ರತಿ ಕೌಂಟಿಗೂ, ಅಂದರೆ ಜಿಲ್ಲೆಗೂ, ಮೊಟ್ಟಮೊದಲ ಬಾರಿಗೆ ಗವರ್ನರ್ ಚುನಾವಣೆ. ಹೀಗಾಗಿ ಅಧಿಕಾರದಲ್ಲಿದ್ದವರು ಮತ್ತೆ ನಿಲ್ಲುವ ಪ್ರಶ್ನೆಯೇ ಇರಲಿಲ್ಲ. ಕುರ್ಚಿಗೆ ಹೊದಿಸಿದ ಪ್ಲಾಸ್ಟಿಕ್ ಕೂಡ ಇನ್ನೂ ತೆಗೆದಿರಲಿಲ್ಲ. ನಳಿನಿಗೆ ಮೊದಲಿಗೆ ಇದು ಅರ್ಥವೇ ಆಗಲಿಲ್ಲ. "ಗವರ್ನರ್ ಆಗೋಕೆ ಯಾರಾದ್ರೂ ಲಾರಿ ಮೇಲೆ ನಿಂತು ಮೈಕಲ್ಲಿ ಕೂಗ್ತಾರೇನ್ರೀ? ನಮ್ಮಲ್ಲಿ ವಯಸ್ಸಾದ ಮೇಲೆ ದೆಹಲಿಯೋರೇ ಕಳಿಸ್ತಾರೆ. ಘಟಿಕೋತ್ಸವಕ್ಕೆ ಹೋಗೋದು, ಗಿಡ ನೆಡೋದು, ಮುಗೀತು" ಎಂದಳು. ಇಲ್ಲಿ ಹಾಗಲ್ಲ, ರಸ್ತೆ, ಕಸ, ನೀರು, ಚರಂಡಿ ಎಲ್ಲ ಗವರ್ನರ್ ಕೈಗೇ ಬರುತ್ತದೆ ಎಂದು ನಾನು ತಿಳಿಸಿಕೊಟ್ಟೆ. ತಿಳಿಸಿಕೊಟ್ಟದ್ದೇ ತಪ್ಪಾಯಿತು. ಆವತ್ತಿನಿಂದ ಅವಳಿಗೂ ಒಬ್ಬ ಅಭ್ಯರ್ಥಿ ಹುಟ್ಟಿಕೊಂಡ.

ನನ್ನ ಅಭ್ಯರ್ಥಿ ರಸ್ತೆಯವನು. ದಿನಾ ಸಂಜೆ ಇಂಡಸ್ಟ್ರಿಯಲ್ ಏರಿಯಾದ ಲಾರಿಗಳ ನಡುವೆ ಸಿಕ್ಕಿಕೊಂಡು ಲಂಗಾಟಾದ ಮನೆ ಮುಟ್ಟುವಷ್ಟರಲ್ಲಿ ನನಗೆ ವೈರಾಗ್ಯ ಬಂದಿರುತ್ತಿತ್ತು. ವಸುಧಾ ನೀರಿನ ಪರ. ಶ್ರೀನಾಥನಿಗೆ ಸೂಟು ಚೆನ್ನಾಗಿ ಕೂರುವವನು ಬೇಕಿತ್ತು, "ಮ್ಯಾನೇಜ್‌ಮೆಂಟ್ ಗೊತ್ತಿರೋನು ಬರ್ಬೇಕು ಸಾರ್" ಎನ್ನುತ್ತಿದ್ದ. ನಳಿನಿಯದು ಮಾತ್ರ ಗಂಭೀರವಾದ ಕಾರಣ. "ಯಾರು ಗೆದ್ದರೂ ಸೋತೋರು ಸುಮ್ಮನೆ ಮನೆಗೆ ಹೋಗ್ಬೇಕು. ಹಾಗೆ ಹೋಗೋ ಮುಖ ಇರೋದು ಇವನೊಬ್ಬನಿಗೇ" ಎಂದಾಗ ಯಾರೂ ನಗಲಿಲ್ಲ. ಹಿಂದಿನ ಚುನಾವಣೆಯ ನಂತರ ಈ ಊರಲ್ಲಿ ಎದ್ದ ಗಲಭೆಯ ಹೊಗೆಯನ್ನು ನಾವು ಕಂಡವರಲ್ಲ, ಕೇಳಿದವರು. ಆದರೂ ಅಕ್ಕಿ, ಬೇಳೆ, ಗ್ಯಾಸು ಕೂಡಿಟ್ಟಿದ್ದೆವು. ಕೆಲವರು ಹೆಂಡತಿ ಮಕ್ಕಳನ್ನು ಆಗಲೇ ವಿಮಾನ ಹತ್ತಿಸಿದ್ದರು.

ಪ್ರಚಾರ ಹೀಗೆ ಶುರುವಾಯಿತು. ಶ್ರೀನಾಥ ಬೆಂಗಳೂರಿನಿಂದ ತರಿಸಿದ ಕಾಫಿ ಪುಡಿಯನ್ನು ಪದ್ದಕ್ಕನಿಗೆ ಕೊಟ್ಟದ್ದು ನನಗೆ ತಿಳಿದು, ಇದು ಚುನಾವಣಾ ಅಕ್ರಮ ಎಂದು ಅವನನ್ನು ಬೈದೆ. ಬೈಯುವಾಗ ನನ್ನ ಕೈಯಲ್ಲಿ ಕೋಡುಬಳೆ ಡಬ್ಬಿ ಇತ್ತು. ಪದ್ದಕ್ಕ ಎಲ್ಲರಿಂದಲೂ ಎಲ್ಲವನ್ನೂ ತೆಗೆದುಕೊಂಡು, ಶ್ರೀನಾಥನ ಕಾಫಿಯನ್ನೂ ನನ್ನ ಕೋಡುಬಳೆಯನ್ನೂ ವಸುಧಾಳ ಚಟ್ನಿಪುಡಿಯನ್ನೂ ಭಾನುವಾರ ನಮಗೇ ಬಡಿಸುತ್ತಿದ್ದರು. ಯಾವ ಪಕ್ಷದ ಋಣವೂ ಉಳಿಯಲಿಲ್ಲ.

ಆ ಭಾನುವಾರ ನಾನು ನೇರವಾಗಿ ಕೇಳಿಯೇಬಿಟ್ಟೆ. "ಪದ್ದಕ್ಕ, ಕೊನೆಗೆ ಯಾರಿಗೆ ಅಂತ ತೀರ್ಮಾನ ಮಾಡಿದ್ರಿ?"

ಅವರು ದೋಸೆಯ ತಟ್ಟೆ ಇಟ್ಟು, ಸೆರಗಿನಲ್ಲಿ ಕೈ ಒರೆಸಿಕೊಂಡು ಗೋಡೆಯ ಮೇಲಿದ್ದ ಗಂಡನ ಫೋಟೋದ ಕೆಳಗೆ ಕೂತರು. "ಕೇಳು ಮಾರಾಯ. ಅಡುಗೆಗೆ ಉಪ್ಪು ಎಷ್ಟು ಅಂತ ನಾನು ಇವರ ಹತ್ರ ಒಂದು ದಿನವೂ ಕೇಳ್ಲಿಲ್ಲ. ಓಟಿಗೆ ಮಾತ್ರ ಇವರು ಹೇಳಿದಲ್ಲಿಗೆ ಹಾಕ್ತಾ ಬಂದದ್ದು. ಕಳೆದ ಸಲವೂ ಹಾಗೆಯೇ. ಆಮೇಲೆ ಗಲಾಟೆ ಆಯ್ತಲ್ಲ, ಗೇಟಿನ ಹತ್ರ ಸುಕುಮಾ ಸೊಪ್ಪು ಮಾರ್ತಿದ್ದ ಹೆಂಗಸು ಬುಟ್ಟಿ ಬಿಟ್ಟು ಓಡಿದ್ಲು. ಮತ್ತೆ ಬರ್ಲೇ ಇಲ್ಲ. ಎಲ್ಲಿದ್ದಾಳೋ, ಬದುಕಿದ್ದಾಳೋ ಇಲ್ಲವೋ. ಅವಳು ತಿರುಗಿ ಬಂದು, ಅಮ್ಮ, ನೀವು ಯಾರಿಗೆ ಹಾಕಿದ್ರಿ, ಯಾಕೆ ಹಾಕಿದ್ರಿ ಅಂತ ಕೇಳಿದ್ರೆ ಇವರು ಹೇಳಿದ್ರು ಅಂತ ಹೇಳ್ಲಿಕ್ಕೆ ಆಗ್ತದಾ? ಈಗ ಇವರೂ ಇಲ್ಲ. ಈ ಸಲದ್ದು ನಂದೇ ಓಟು. ಕುರ್ಚಿಯೂ ಹೊಸತು, ನಾನೂ ಹೊಸತು."

ಆಮೇಲೆ ಶ್ರೀನಾಥ ಮೆಲ್ಲಗೆ, "ಅದು ಸರಿ ಅಕ್ಕ, ಆದ್ರೆ ನಮ್ಮೋನ ಮ್ಯಾನಿಫೆಸ್ಟೋ ಒಂದ್ಸಲ..." ಎಂದ. ಪದ್ದಕ್ಕ ಅವನ ತಟ್ಟೆಗೆ ಇನ್ನೊಂದು ದೋಸೆ ಹಾಕಿದರು.

ಲಂಡನ್ನಿನಲ್ಲಿರುವ ಅವರ ಮಗಳು ನನಗೆ ಫೋನು ಮಾಡಿ, "ಅಂಕಲ್, ಅಮ್ಮನ್ನ ಮನೆಯಿಂದ ಹೊರಗೆ ಬಿಡ್ಬೇಡಿ" ಎಂದಳು. ಆ ಮಾತನ್ನು ಪದ್ದಕ್ಕನಿಗೆ ಹೇಳಿದೆ. "ಅವಳಿಗೆ ಹೂಂ ಅನ್ನು. ಬೆಳಿಗ್ಗೆ ಕಾರು ತೆಗೊಂಡು ಬಾ" ಎಂದರು. ಎರಡನ್ನೂ ಮಾಡಿದೆ.

ಮತದಾನದ ದಿನ ರಸ್ತೆಯಲ್ಲಿ ಒಂದು ಮಟಾಟು ಬಸ್ಸಿನ ಹಾರನ್ನೂ ಇಲ್ಲ. ನೈರೋಬಿಯ ಜನವೆಲ್ಲ ಸಾಲಿನಲ್ಲಿ ನಿಂತುಬಿಟ್ಟಿದ್ದರು. ಶಾಲೆಯ ಕಾಂಪೌಂಡು ಸುತ್ತಿ, ತಿರುವು ದಾಟಿ, ಕೊನೆ ಕಾಣದ ಸಾಲು. ಪದ್ದಕ್ಕ ಇಸ್ತ್ರಿ ಮಾಡಿದ ಹತ್ತಿ ಸೀರೆಯುಟ್ಟು, ಕಾಲಿಗೆ ಮಗಳು ಕಳಿಸಿದ ಬಿಳಿ ಶೂ ಹಾಕಿದ್ದರು. ಅಲ್ಲಿದ್ದ ತರುಣಿಯೊಬ್ಬಳು "ಶೋಶೋ, ಮುಂದೆ ಹೋಗಿ, ನಿಮ್ಮಂಥವರು ಕಾಯಬೇಕಿಲ್ಲ" ಎಂದಳು. ಶೋಶೋ ಎಂದರೆ ಅಜ್ಜಿ. ಪದ್ದಕ್ಕ ಸ್ವಾಹಿಲಿಯಲ್ಲೇ ಆಕೆಗೆ ಏನೋ ಹೇಳಿದರು, ಸುತ್ತಲಿದ್ದವರು ನಕ್ಕರು. ಏನಂದಿರಿ ಎಂದು ಕೇಳಿದೆ. "ಇಷ್ಟು ವರ್ಷ ಕಾದದ್ದು, ಇನ್ನು ಒಂದು ಗಂಟೆಯಲ್ಲಿ ಏನು ಓಡಿ ಹೋಗ್ತದೆ ಅಂದೆ" ಎಂದರು. ಒಬ್ಬರು ಎಲ್ಲಿಂದಲೋ ಪ್ಲಾಸ್ಟಿಕ್ ಕುರ್ಚಿ ತಂದರು. ಸಾಲು ಮುಂದೆ ಸರಿದಾಗಲೆಲ್ಲ ಪದ್ದಕ್ಕ ಏಳುವುದು, ನಾನು ಕುರ್ಚಿ ಎತ್ತಿ ಮುಂದಿಡುವುದು, ಅವರು ಕೂರುವುದು. ಗವರ್ನರ್ ಕುರ್ಚಿಗೆ ಯಾರು ಏರುತ್ತಾರೋ ಗೊತ್ತಿಲ್ಲ, ಆ ದಿನ ಕುರ್ಚಿ ಹೊತ್ತವನು ಮಾತ್ರ ನಾನೇ.

ಬಾಗಿಲ ಹತ್ತಿರ ಬಂದಾಗ ತಡೆಯಲಾಗಲಿಲ್ಲ. ಬಗ್ಗಿ ಅವರ ಕಿವಿಯಲ್ಲಿ, "ಅಕ್ಕ, ರಸ್ತೆ ಮರೀಬೇಡಿ" ಎಂದೆ. ಅಲ್ಲಿದ್ದ ಪೊಲೀಸಿನವನು ಬೆರಳಾಡಿಸಿ, ಇಲ್ಲಿ ಪ್ರಚಾರ ಮಾಡುವಂತಿಲ್ಲ ಎಂದ. ಅವನಿಗೆ ಕನ್ನಡ ಬರುತ್ತಿರಲಿಲ್ಲ, ನನ್ನ ಮುಖ ಓದಲು ಬರುತ್ತಿತ್ತು. ನಿನ್ನ ಗುರುತಿನ ಚೀಟಿ ಎಲ್ಲಿ ಎಂದು ಕೇಳಿದ. ನನಗೆ ಓಟಿಲ್ಲ ಎಂದೆ. ಹಾಗಾದರೆ ಕುರ್ಚಿಯ ಜೊತೆ ಅಲ್ಲಿ ನಿಲ್ಲು ಎಂದ. ನಿಂತೆ.

ಪದ್ದಕ್ಕ ಹೊರಗೆ ಬಂದಾಗ ಬೆರಳಿಗೆ ಮಸಿ ಇತ್ತು, ಹಣೆಯಲ್ಲಿ ಬೆವರಿತ್ತು. ಕಾರಿನಲ್ಲಿ ಕೂತು ಮೊದಲು ಬಿಳಿ ಶೂ ಬಿಚ್ಚಿದರು. ಯಾರಿಗೆ ಎಂದು ನಾನು ಕೇಳಲಿಲ್ಲ. ಕೇಳದೆ ಇದ್ದದ್ದು ನನ್ನ ಜೀವಮಾನದ ಸಾಧನೆ. ಮನೆ ಹತ್ತಿರ ಬಂದಾಗ ಅವರೇ ಬಾಯಿ ಬಿಟ್ಟರು.

"ಅಧ್ಯಕ್ಷರಿಂದ ಹಿಡಿದು ವಾರ್ಡಿನವರವರೆಗೆ ಆರು ಕಾಗದ ಕೊಟ್ಟರು ಮಾರಾಯ, ಆರು ಬಣ್ಣದ್ದು. ಆರಕ್ಕೂ ನಾನೇ ಯೋಚನೆ ಮಾಡಿದೆ. ತಲೆ ಸಿಡೀತಾ ಉಂಟು. ಪಾಪ ಇವರು, ಪ್ರತಿ ಸಲ ಇಬ್ಬರ ಯೋಚನೆ ಒಬ್ಬರೇ ಹೇಗೆ ಮಾಡ್ತಿದ್ರೋ."

ಎಣಿಕೆ ನಡೆದ ದಿನಗಳಲ್ಲಿ ಊರು ಉಸಿರು ಬಿಗಿಹಿಡಿದಿತ್ತು. ಏನೂ ಆಗಲಿಲ್ಲ. ನೈರೋಬಿಯ ಗವರ್ನರ್ ಫಲಿತಾಂಶ ಬರುವ ಹೊತ್ತಿಗೆ ನಾವು ನಾಲ್ವರೂ ಪದ್ದಕ್ಕನ ಹಜಾರದಲ್ಲಿದ್ದೆವು. ಟೀವಿಯನ್ನು ಯಾರೂ ನೋಡುತ್ತಿರಲಿಲ್ಲ, ಎಲ್ಲರ ಕಣ್ಣೂ ಪದ್ದಕ್ಕನ ಮುಖದ ಮೇಲೆ. ಗೆದ್ದವನ ಹೆಸರು ಬಂದಾಗ ಹುಬ್ಬು ಏರುತ್ತದೋ ಇಳಿಯುತ್ತದೋ ಎಂದು. ಟೀವಿಯಲ್ಲಿ ಚುನಾವಣಾ ಅಧಿಕಾರಿ ಕನ್ನಡಕ ಸರಿಮಾಡಿಕೊಂಡು ಕಾಗದ ಎತ್ತಿದ. "ಒಲೆ ಮೇಲೆ ಹಾಲುಂಟು" ಎಂದು ಪದ್ದಕ್ಕ ಎದ್ದು ಒಳಗೆ ಹೋದರು. ನಮಗೆ ಕಂಡದ್ದು ಅವರ ಬೆನ್ನು. ಗೆದ್ದವನು ಯಾರೆಂದು ತಿಳಿಯಲು ನಾವು ಟೀವಿಯಲ್ಲಿ ಹೆಸರು ಮತ್ತೊಮ್ಮೆ ಬರುವವರೆಗೆ ಕಾಯಬೇಕಾಯಿತು.

ಎರಡು ತಿಂಗಳ ನಂತರ ರಜೆಗೆಂದು ಮೈಸೂರಿಗೆ ಹೋದಾಗ ಅಲ್ಲಿ ವಿಧಾನಸಭೆ ಚುನಾವಣೆ. ಹಳೆಯ ಪಟ್ಟಿಯಲ್ಲಿ ನನ್ನ ಹೆಸರು ಇನ್ನೂ ಇತ್ತು. ಬಿಸಿಲಲ್ಲಿ ಸಾಲಿನಲ್ಲಿ ನಿಂತು ಓಟು ಹಾಕಿ ಬಂದೆ. ಸಂಜೆ ಪಕ್ಕದ ಮನೆಯವರು ಬಂದು ಕಾಲು ಚಾಚಿ ಕೂತು, "ಏನ್ ಸ್ವಾಮಿ, ಯಾರಿಗೆ ಒತ್ತಿದ್ರಿ?" ಎಂದರು. ಅದುವರೆಗೆ ನನ್ನ ಓಟು ಯಾರಿಗೆಂದು ಬೀದಿಗೆಲ್ಲ ಸಾರಿಕೊಂಡು ಬಂದವನು ನಾನು. ಆ ದಿನ ಯಾಕೋ "ಒಲೆ ಮೇಲೆ ಹಾಲಿದೆ" ಎಂದು ಎದ್ದು ಒಳಗೆ ಹೋದೆ.

ಒಲೆ ಹಚ್ಚಿರಲಿಲ್ಲ. ನಳಿನಿ ಅದರ ಪಕ್ಕದಲ್ಲೇ ನಿಂತಿದ್ದಳು. "ನನಗಾದ್ರೂ ಹೇಳ್ರೀ, ಯಾರಿಗೆ?" ಎಂದಳು. ಬೇರೆ ದಾರಿ ಕಾಣದೆ ಒಲೆ ಹಚ್ಚಿ ಹಾಲಿಟ್ಟೆ.