ಮಗಳ ಮದುವೆಗೆ ನಾಲ್ಕು ಚಕ್ರ

ಎಲ್ಲದಕ್ಕೂ ಕಾರಣ ದೋನ್ಯಾ ಎಪಿಫಾನಿಯಾಳ ಬಾಯಿ. ಎಲ್ ಆಲ್ತೋ ಎಂಬ ಬೆಟ್ಟದೂರಿನ ಆ ಓಣಿಯಲ್ಲಿ ಅವಳ ಅಂಗಡಿಯ ಕಿಟಕಿ ತೆರೆಯುವ ಮೊದಲೇ ಅವಳ ಬಾಯಿ ತೆರೆದಿರುತ್ತದೆ. ಬೆಳಿಗ್ಗೆ ಬ್ರೆಡ್ಡು ತರಲು ಹೋದ ಬೆನಿಗ್ನೋ ತಾರ್ಕಿಯ ಕೈಗೆ ಚೀಲ ಕೊಡುತ್ತಾ, ಅವನ ಮನೆಯೆದುರು ನಿಂತ ಕಾರನ್ನು ನೋಡಿ ಅವಳು ಕೇಳಿದಳು:

"ದೋನ್ ಬೆನಿಗ್ನೋ, ನಾಳೆ ನಮ್ಮ ವಿಲ್ಮಾ ಈ ಚಕ್ರದ ಮೇಲೆ ಚರ್ಚಿಗೆ ಹೋಗ್ತಾಳಾ?"

"ಮತ್ತೆ? ಚಕ್ರ ಇಲ್ಲದೆ ಹೋಗಕ್ಕಾಗುತ್ತಾ?"

"ಅಲ್ಲಾ, ತುಕ್ಕು ಹಿಡಿದು ಹಳೇ ಬಾಣಲೆ ತರ ಆಗಿದೆಯಲ್ಲ ಅಂದೆ. ನನಗೇನು ಬಿಡಿ. ಬೀಗರ ಕಡೆಯವರು ನೋಡ್ತಾರೆ, ಅಷ್ಟೆ."

ಬೀಗರು ಎಂಬ ಮಾತು ಕಿವಿಗೆ ಬಿದ್ದದ್ದೇ ಬೆನಿಗ್ನೋಗೆ ಬ್ರೆಡ್ಡು ರುಚಿಸದಾಯಿತು. ಬೀಗ ದೋನ್ ರುಫೀನೋನ ಹತ್ತಿರ ಆನೆಯಂಥ ಕಪ್ಪು ಜೀಪಿತ್ತು. ನಿಶ್ಚಿತಾರ್ಥದ ದಿನ ಆತ ಎಲ್ಲರೆದುರಿಗೆ, "ಮದುಮಗಳು ನಮ್ಮ ಜೀಪಿನಲ್ಲೇ ಬರಲಿ, ನಿಮ್ಮ ಗಾಡಿ ದಾರೀಲಿ ನಿಂತ್ರೆ ಕಷ್ಟ" ಎಂದಿದ್ದ. ಯಾವತ್ತೂ ಯಾರಿಗೂ ಎದುರಾಡದ ಬೆನಿಗ್ನೋ ಅಂದು ಎದ್ದು ನಿಂತು, "ನನ್ನ ಮಗಳು ನನ್ನ ಕಾರಿನಲ್ಲೇ ಬರ್ತಾಳೆ" ಎಂದುಬಿಟ್ಟ. ಇದ್ದವಳು ಒಬ್ಬಳೇ ಮಗಳು. ನಾಳೆ ಚರ್ಚಿನ ತನಕದ ಆ ಸಣ್ಣ ದಾರಿಯಲ್ಲಾದರೂ ಅವಳು ತನ್ನ ಪಕ್ಕದಲ್ಲಿ ಕೂತಿರಬೇಕು ಎಂಬುದು ಅವನ ಆಸೆ. ಆಮೇಲೆ ಅವಳು ರುಫೀನೋನ ಮನೆಯವಳು, ರುಫೀನೋನ ಜೀಪಿನವಳು.

ಕಾರು ಚಿಕ್ಕದು, ಜಪಾನಿನಲ್ಲಿ ಯಾರೋ ಓಡಿಸಿ ಬಿಟ್ಟದ್ದು. ಅದು ಬಂದದ್ದೇ ಎಕೇಕೋ ದೇವರ ಕೃಪೆಯಿಂದ ಎಂಬುದು ಹೆಂಡತಿ ಸಬೀನಾಳ ನಂಬಿಕೆ. ಆಸೆಪಟ್ಟದ್ದರ ಪುಟ್ಟ ರೂಪ ಕೊಂಡರೆ ವರ್ಷದೊಳಗೆ ನಿಜವಾದದ್ದು ಬರುತ್ತದೆ ಎನ್ನುವ ಅಲಸಿತಾಸ್ ಜಾತ್ರೆಯಲ್ಲಿ, ಹಿಂದಿನ ಜನವರಿ, ಅವಳು ಅಂಗೈಯಗಲದ ತಗಡಿನ ಕಾರು ಕೊಂಡು, ಮಧ್ಯಾಹ್ನದ ಗಂಟೆ ಹೊಡೆಯುವಾಗ ಪೂಜೆ ಮಾಡಿಸಿ, ಗೂಡಿನಲ್ಲಿದ್ದ ಎಕೇಕೋನ ಪಕ್ಕ ಇಟ್ಟಿದ್ದಳು. ಆಗಸ್ಟಿನಲ್ಲಿ ನಿಜವಾದ ಕಾರು ಬಾಗಿಲಿಗೆ ಬಂತು. ಬೆನಿಗ್ನೋ ಎರಡು ವರ್ಷ ರಾತ್ರಿಯೆಲ್ಲ ಟೋಪಿ ಹೊಲಿದದ್ದು ಮಾತ್ರ ಯಾರ ಲೆಕ್ಕಕ್ಕೂ ಬರಲಿಲ್ಲ.

ಹೌದು, ಅವನದು ಟೋಪಿ ಕೆಲಸ. ಹೆಂಗಸರು ತಲೆಯ ಮೇಲೆ ಓರೆಯಾಗಿ ಇಟ್ಟುಕೊಳ್ಳುವ ದುಂಡು ಟೋಪಿ. ಗಿರಾಕಿ ಬಾಗಿಲಲ್ಲಿ ನಿಂತರೆ ಸಾಕು, ತಲೆ ನೋಡಿಯೇ ಅಳತೆ ಹೇಳುತ್ತಿದ್ದ. ಇಂಥವನಿಗೆ ಚಕ್ರದ ಅಳತೆ ಯಾವ ಮಹಾ? ಟೇಪು ಹಿಡಿದು ಅಳೆದ. ಹದಿನೈದು ಇಂಚು. ತೂತು ಐದು. ಮುಗಿಯಿತು.

ಪಕ್ಕದ ಮನೆಯ ದೋನ್ ಸೆವೆರೋ ಅಷ್ಟರಲ್ಲಿ ಕಾಫಿ ಲೋಟದೊಂದಿಗೆ ಹೊರಬಂದಿದ್ದ. ಮೂವತ್ತು ವರ್ಷ ಮಿನಿಬಸ್ಸು ಓಡಿಸಿ ನಿವೃತ್ತನಾದವನು. ಕೇಳದೆ ಸಲಹೆ ಕೊಡುವುದೊಂದೇ ಈಗ ಅವನ ಉದ್ಯೋಗ.

"ಹಳೇ ನಾಲ್ಕೂ ಬಿಚ್ಚಿ ಕೊಂಡೊಯ್ಯಿ. ಬದಲಿಗೆ ಕೊಟ್ರೆ ಹೊಸದು ಅಗ್ಗಕ್ಕೆ ಸಿಗುತ್ತೆ. ನನ್ನ ವ್ಯಾನಿದೆ, ನಾನೂ ಬರ್ತೀನಿ."

ಇಬ್ಬರೂ ಜಾಕಿ ಹಾಕಿ, ಕಾರನ್ನು ಮಣ್ಣಿನ ಇಟ್ಟಿಗೆಗಳ ಮೇಲೆ ಕೂರಿಸಿ, ನಾಲ್ಕು ಚಕ್ರ ಹೊತ್ತುಕೊಂಡು ಬಿಡಿಭಾಗಗಳ ಬೀದಿಗೆ ಹೋದರು. ಅಂಗಡಿಯವಳು ಅಗಲ ಲಂಗ ಹರಡಿಕೊಂಡು ಟೈರಿನ ಮೇಲೆ ಕೂತಿದ್ದಳು.

"ಕಾರು ತಂದಿದ್ರೆ ಒಳ್ಳೇದಿತ್ತು ಕಸೇರೋ," ಎಂದಳು. ಕಾಯಂ ಗಿರಾಕಿಗೆ ಮಾತ್ರವಲ್ಲ, ಮೊದಲ ಸಲ ಬಂದವನಿಗೂ ಅವಳು ಕಸೇರೋ ಎಂದೇ ಕರೆಯುವುದು. "ಹಾಕಿ ನೋಡಿ ಒಯ್ಯಬೇಕು."

"ಅಮ್ಮಾ, ನಾನು ಟೋಪಿ ಮಾಡೋನು. ಅಳತೆ ನನಗೆ ಹೇಳ್ಕೊಡ್ಬೇಡಿ."

ಹೊಳೆಯುವ ಅಲಾಯ್ ಚಕ್ರವನ್ನು ಹಳೆಯದರ ಪಕ್ಕ ನಿಲ್ಲಿಸಿ ನೋಡಿದ. ಎತ್ತರ ಒಂದೇ, ತೂತೂ ಐದೈದು. ದುಡ್ಡು ಕೊಟ್ಟು ಬೆನ್ನು ತಿರುಗಿಸುವಷ್ಟರಲ್ಲಿ ಹಳೆಯ ನಾಲ್ಕನ್ನು ಯಾರೋ ಹಳ್ಳಿಯವನು ಕೊಂಡು ಟ್ರಕ್ಕಿಗೆ ಎಸೆದಿದ್ದ. ಟೋಪಿಯವನಿಗೇ ಟೋಪಿ ಬಿತ್ತು ಎಂದು ಓಣಿಯವರು ಆಮೇಲೆ ನಕ್ಕರು. ಪಾಪ, ಹಾಕಿಕೊಂಡವನು ಅವನೇ.

ಮನೆಗೆ ಬಂದು ಹಾಕಿದರೆ ಚಕ್ರ ಕೂರಲಿಲ್ಲ. ತೂತು ಐದೇ ಇದ್ದವು ನಿಜ, ಆದರೆ ಒಂದರಿಂದ ಒಂದು ದೂರ ಬೇರೆ. ಒಂದು ಬೋಲ್ಟು ಒಳಗೆ ಹೋದರೆ ಉಳಿದ ನಾಲ್ಕು ಮುಖ ತಿರುಗಿಸಿಕೊಂಡು ನಿಲ್ಲುತ್ತಿದ್ದವು.

ಮತ್ತೆ ಬೀದಿ. ಎರಡನೆಯ ಜೊತೆಯಲ್ಲಿ ಐದೂ ಬೋಲ್ಟು ಸರಿಯಾಗಿ ಹೊಂದಿದವು, ಆದರೆ ನಡುವಿನ ದೊಡ್ಡ ತೂತು ಚಿಕ್ಕದಾಯಿತು. ಕಾರಿನ ಅಚ್ಚಿನ ತುದಿಯಲ್ಲಿರುವ ಹಬ್ಬಿನ ಮೂತಿ ಒಳಗೆ ನುಗ್ಗಲೊಲ್ಲದು.

"ಸುತ್ತಿಗೆ ತಾ," ಎಂದ ಸೆವೆರೋ.

"ಅಲಾಯ್ ಒಡೆಯಲ್ವಾ?"

"ನಾನು ಎಷ್ಟು ಚಕ್ರ ನೋಡಿದೀನಿ ಗೊತ್ತಾ?"

ಒಡೆಯಿತು. ಓಣಿಯ ನಾಯಿಗಳೆಲ್ಲ ಬೊಗಳಿದವು. ಎಪಿಫಾನಿಯಾ ಕಿಟಕಿಯಿಂದ ಅರ್ಧ ದೇಹ ಹೊರಗೆ ಹಾಕಿ, "ಅಯ್ಯೋ, ಮದುವೆ ಮನೇಲಿ ಏನೋ ಒಡೀತಲ್ರೀ! ಅಪಶಕುನ!" ಎಂದು ಮೂರು ಮನೆಗೆ ಕೇಳುವಂತೆ ಕೂಗಿದಳು.

ಮೂರನೆಯ ಜೊತೆ ಬಂತು. ಬೋಲ್ಟು ಕೂತವು, ಹಬ್ಬು ಕೂತಿತು. ಬೆನಿಗ್ನೋ ಶಿಲುಬೆಯ ಗುರುತು ಮಾಡಿಕೊಂಡು ಸ್ಟೀರಿಂಗ್ ತಿರುಗಿಸಿದ. ಅದು ತಿರುಗಲಿಲ್ಲ. ಚಕ್ರ ತೀರಾ ಒಳಕ್ಕೆ ಹೋಗಿ ಟೈರು ಕಾರಿನ ಒಳಮೈಗೆ ಒತ್ತಿಕೊಂಡಿತ್ತು.

"ಚರ್ಚು ನೆಟ್ಟಗೆ ಎದುರಿಗೇ ಇದೆ," ಎಂದ ಸೆವೆರೋ ಯೋಚಿಸಿ. "ತಿರುಗಿಸೋದ್ಯಾಕೆ?"

"ವಾಪಸ್ ಬರೋದು ಹೇಗೆ?"

"ವಾಪಸ್ ಬರುವಾಗ ಅವಳು ಬೀಗರ ಜೀಪಲ್ಲಿ ತಾನೇ ಇರೋದು?"

ಬೆನಿಗ್ನೋ ಪಾನಾ ಹಿಡಿದು ಬೋಲ್ಟು ಬಿಚ್ಚತೊಡಗಿದ. ನಾಲ್ಕನೆಯ ಸಲ ಬೀದಿಗೆ ಹೋದಾಗ ಅಂಗಡಿಯವಳು ಕೈ ಮುಗಿದಳು. "ಕಸೇರೋ, ನಿಮ್ಮ ದುಡ್ಡು ತಗೊಳ್ಳಿ, ನನ್ನ ಚಕ್ರ ನನಗೆ ಬಿಡಿ. ಒಡೆದ ಚಕ್ರದ ದುಡ್ಡು ಮಾತ್ರ ಹಿಡ್ಕೊಂಡಿದೀನಿ. ನಿಮ್ಮ ಕಾರಿಗೆ ತೂತಿನ ಸುತ್ತಳತೆ ಇಷ್ಟು, ನಡುವಿನದು ಇಷ್ಟು, ಒಳಗೆ ಕೂರೋ ಆಳ ಇಷ್ಟು ಇರ್ಬೇಕು. ಇವತ್ತು ಈ ಬೀದೀಲಿ ಅಂಥದ್ದಿಲ್ಲ. ಕೆಳಗೆ ಪೇಟೇಲಿ ಹುಡುಕಿ."

ಪೇಟೆಗೆ ಹೊರಡೋಣ ಎಂದರೆ ಸಬೀನಾ ಬಾಗಿಲಿಗೆ ಅಡ್ಡ ನಿಂತಳು. ಕೈಯಲ್ಲಿ ಆಲೂಗಡ್ಡೆ ಹೆರೆಯುವ ಚಾಕು ಇತ್ತು.

"ಪಾದ್ರಿಗಳು ಚರ್ಚಿನಲ್ಲಿ ಕಾಯ್ತಿದಾರೆ, ನಾಳೆ ಹೇಗೆ ನಡೀಬೇಕು ಅಂತ ಹೇಳ್ಕೊಡಕ್ಕೆ. ನೀವು ಬರದಿದ್ರೆ ಮಗಳ ಕೈ ಹಿಡ್ಕೊಂಡು ದೋನ್ ಸೆವೆರೋ ನಡೀಲಾ?"

"ನನಗೇನೂ ಅಡ್ಡಿ ಇಲ್ಲ," ಎಂದ ಸೆವೆರೋ.

ಅಷ್ಟು ಹೊತ್ತಿಗೆ ಸರಿಯಾಗಿ ಹೆಗಲಿಗೆ ಚೀಲ ಹಾಕಿಕೊಂಡು ಕ್ಲೆಮೆಂತೆ ಬಂದ. ವಿಲ್ಮಾಳ ದೀಕ್ಷಾಸ್ನಾನದಲ್ಲಿ ಅವಳನ್ನು ಎತ್ತಿಕೊಂಡ ಧರ್ಮಪಿತ. ಅಂದಿನಿಂದ ಅವನೂ ಬೆನಿಗ್ನೋನೂ ಒಬ್ಬರನ್ನೊಬ್ಬರು ಕುಂಪಾ ಎಂದೇ ಕರೆಯುವುದು. ಯಾರ ಕೆಲಸಕ್ಕೂ ಇಲ್ಲ ಎನ್ನದ ಒಳ್ಳೆಯ ಮನುಷ್ಯ. ಪೇಟೆಗೆ ಹೊರಟಿದ್ದ. ಓಣಿಯವರೆಲ್ಲ ಅದು ತಾ, ಇದು ತಾ ಎಂದು ಹೇಳಿಕೊಳ್ಳುತ್ತಿದ್ದರು.

"ಕುಂಪಾ!" ಬೆನಿಗ್ನೋ ಅವನ ತೋಳು ಹಿಡಿದ. "ನನಗೆ ನಾಲ್ಕು ಚಕ್ರ ಬೇಕು. ನಮ್ಮ ಕಾರಿಗೆ. ಅಳತೆ ಕೂದಲೆಳೆಯಷ್ಟೂ ತಪ್ಪಬಾರದು."

ಅಳತೆಗಳನ್ನೆಲ್ಲ ಬಾಯಿಪಾಠ ಮಾಡಿಸಿ, ಅಂಗಡಿಯವಳು ವಾಪಸು ಕೊಟ್ಟ ದುಡ್ಡಿನ ಕಂತೆಯನ್ನು ಹಾಗೇ ಕೈಗಿಟ್ಟ. ಕ್ಲೆಮೆಂತೆ ಕಂತೆ ನೋಡಿ ಕಣ್ಣರಳಿಸಿದ.

"ಇಷ್ಟೊಂದಾ ಕುಂಪಾ?"

"ಮಗಳ ಮದುವೆ. ದುಡ್ಡಿನ ಮುಖ ನೋಡ್ಬೇಡಿ. ಎಲ್ಲಾ ಖರ್ಚಾದ್ರೂ ಸರಿ, ಅಳತೆ ಸರಿ ಇರ್ಲಿ."

ಚರ್ಚಿನಲ್ಲಿ ಬೆನಿಗ್ನೋ ಎಡಗಾಲಿಡುವಲ್ಲಿ ಬಲಗಾಲಿಟ್ಟು, ಮಗಳ ಕೈ ಬಿಟ್ಟು ಪಾದ್ರಿಗಳ ಕೈ ಹಿಡಿದು ಬೈಸಿಕೊಳ್ಳುತ್ತಿದ್ದಾಗ ಫೋನು ಬಂತು. ಹಿಂದೆ ಜನರ ಗದ್ದಲ, ಗಂಟೆಯ ಸದ್ದು.

"ಕುಂಪಾ, ಸಿಕ್ತು! ಹತ್ತು ಕಡೆ ಕೇಳ್ದೆ, ಅಳತೆ ಕೇಳಿ ಎಲ್ರೂ ನಕ್ರು. ಕೊನೆಗೆ ಒಬ್ಬ ಮುದುಕ ಒಪ್ಕೊಂಡ. ಭಾರೀ ಕೈಕೆಲಸ. ಟೈರೂ ಸೇರಿಸ್ಲಾ ಅಂತ ಕೇಳ್ತಿದಾನೆ."

"ಟೈರಿಲ್ಲದೆ ಚಕ್ರ ಯಾತಕ್ಕೆ ಕುಂಪಾ? ಸೇರಿಸಿ!"

"ದುಡ್ಡು ಪೂರ್ತಿ ಆಗುತ್ತೆ."

"ಆಗ್ಲಿ!"

ಬೆನಿಗ್ನೋ ಫೋನು ಜೇಬಿಗಿಟ್ಟು ಮಗಳನ್ನು ನೋಡಿ ನಕ್ಕ. ಬೆಳಿಗ್ಗೆಯಿಂದ ಅವನು ನಕ್ಕದ್ದು ಅದೇ ಮೊದಲು. "ನಾಳೆ ನೀನು ನನ್ನ ಪಕ್ಕದಲ್ಲೇ," ಎಂದ. ವಿಲ್ಮಾ ಅಪ್ಪನ ತೋಳನ್ನು ಗಟ್ಟಿಯಾಗಿ ಅಪ್ಪಿಕೊಂಡಳು. ಇಬ್ಬರ ಕಣ್ಣೂ ಒದ್ದೆಯಾದವು.

ಮಧ್ಯಾಹ್ನ ಆಲಿಕಲ್ಲು ಬಿದ್ದು ನಿಂತ ಮೇಲೆ ಕ್ಲೆಮೆಂತೆ ಬಂದ. ಓಣಿಯೇ ಬಾಗಿಲಲ್ಲಿ ನೆರೆದಿತ್ತು. ಸೆವೆರೋ ಪಾನಾ ಹಿಡಿದು ಸಿದ್ಧನಾಗಿದ್ದ. ಬೆನಿಗ್ನೋ ಕ್ಲೆಮೆಂತೆಯ ಬೆನ್ನ ಹಿಂದೆ ಇಣುಕಿದ. ಲಾರಿ ಇಲ್ಲ, ತಳ್ಳುಗಾಡಿಯೂ ಇಲ್ಲ.

"ಚಕ್ರ ಎಲ್ಲಿ ಕುಂಪಾ?"

"ಜೇಬಲ್ಲಿ."

"ಜೇಬಲ್ಲಾ?"

ಕ್ಲೆಮೆಂತೆ ಕೋಟಿನ ಒಳಜೇಬಿನಿಂದ ಮಖಮಲ್ಲಿನ ಡಬ್ಬಿ ತೆಗೆದು, ಉಂಗುರ ತೋರಿಸುವವನಂತೆ ಮುಚ್ಚಳ ಎತ್ತಿದ. ಒಳಗೆ ನಾಲ್ಕು ಚಕ್ರ. ಒಂದೊಂದೂ ನಾಣ್ಯದಗಲ. ಅಪ್ಪಟ ಬೆಳ್ಳಿಯವು. ಸುತ್ತ ಪುಟ್ಟ ಕರಿ ಟೈರು, ಅದರ ಮೇಲೆ ಗೆರೆಗೆರೆ, ನಡುವೆ ಸೂಜಿಮೊನೆಯಂಥ ಐದೈದು ತೂತು.

ಬೆನಿಗ್ನೋನ ಬಾಯಿ ತೆರೆದದ್ದು ಮುಚ್ಚಲಿಲ್ಲ. ಸೆವೆರೋನ ಕೈಯಿಂದ ಪಾನಾ ಜಾರಿ ಅವನ ಕಾಲ ಮೇಲೆಯೇ ಬಿತ್ತು. ಅವನಿಗೆ ಕೂಗಲೂ ನೆನಪಾಗಲಿಲ್ಲ. ಜೀವಮಾನದಲ್ಲಿ ಮೊದಲ ಬಾರಿಗೆ ಎಪಿಫಾನಿಯಾ ಕೂಡ ಸುಮ್ಮನಾದಳು.

"ಇದು... ಇದು ಏನು?"

"ಚಕ್ರ! ಕೂದಲೆಳೆ ತಪ್ಪಿಲ್ಲ. ನೀವು ಹೇಳಿದ ಒಂದೊಂದು ಅಳತೆಯನ್ನೂ ಮುದುಕ ಭಾಗಿಸಿ ಭಾಗಿಸಿ ಸಣ್ಣದು ಮಾಡಿದ. ಪೂಜೇನೂ ಮಾಡಿಸ್ಕೊಂಡೇ ಬಂದೆ."

"ಕಾರಿಗೆ ಹೇಳಿದ್ನಲ್ಲ ಕುಂಪಾ! ಓಡೋ ಕಾರಿಗೆ!"

ಕ್ಲೆಮೆಂತೆಯ ಮುಖ ಸಣ್ಣದಾಯಿತು. "ಇವತ್ತು ಜನವರಿ ಇಪ್ಪತ್ನಾಲ್ಕು. ಅಲಸಿತಾಸ್ ಜಾತ್ರೆಗೆ ಹೊರಟವನ ಕೈಲಿ ಚಕ್ರ ತನ್ನಿ ಅಂದ್ರೆ ಇನ್ನೇನರ್ಥ? ದೋನ್ಯಾ ಎಪಿಫಾನಿಯಾ ಫ್ರಿಜ್ ತಾ ಅಂದ್ರು. ನಾನೇನು ಬೆನ್ನ ಮೇಲೆ ಫ್ರಿಜ್ ಹೊತ್ಕೊಂಡು ಬಂದ್ನಾ?" ಎಂದು ಬೆಂಕಿಪೊಟ್ಟಣದಷ್ಟು ದೊಡ್ಡ ಫ್ರಿಜ್ ತೆಗೆದು ಅವಳ ಕೈಗಿಟ್ಟ. ಅವಳು ಬಾಗಿಲು ತೆರೆದು ನೋಡಿ, "ಐಸ್ ಕೂಡ ಇದೆ!" ಎಂದು ಸಂತೋಷಪಟ್ಟಳು.

ಸಬೀನಾ ಒಳಗೆ ಹೋಗಿ ಎಕೇಕೋನ ಪಕ್ಕದಿಂದ ತಗಡಿನ ಕಾರು ತಂದಳು. "ತಂದದ್ದು ತಂದಾಯ್ತು. ಇದಕ್ಕಾದ್ರೂ ಹಾಕಿ. ದೇವರು ದೊಡ್ಡವನು, ನಾಳೆ ಬೆಳಗಾಗೋದ್ರೊಳಗೆ ಏನಾದ್ರೂ ದಾರಿ ಮಾಡ್ತಾನೆ."

ಕ್ಲೆಮೆಂತೆ ಹಳೆಯ ತಗಡಿನ ಚಕ್ರಗಳನ್ನು ಕಿತ್ತ. ನಾಲ್ಕೂ ಸೊಟ್ಟಗಾಗಿ ಕೈಗೆ ಬಂದವು. ಹೊಸತನ್ನು ಹಾಕಿದ. ಕೂರಲಿಲ್ಲ. ಅಚ್ಚು ಸಣ್ಣದು, ಚಕ್ರ ದೊಡ್ಡದು, ಪುಟ್ಟ ಟೈರು ಪುಟ್ಟ ಮಡ್‌ಗಾರ್ಡಿಗೆ ಒತ್ತಿಕೊಂಡಿತು.

"ವಾಷರ್ ಹಾಕಿ," ಎಂದ ಸೆವೆರೋ ಕಾಲು ತಿಕ್ಕಿಕೊಳ್ಳುತ್ತಾ. "ಇಲ್ಲಾಂದ್ರೆ ಸಣ್ಣದೊಂದು ಸುತ್ತಿಗೆ..."

"ಸುತ್ತಿಗೆ ಮಾತೆತ್ತಿದ್ರೆ ನೋಡಿ!" ಬೆನಿಗ್ನೋ ಚೀರಿದ.

ಆಗಲೇ ಓಣಿಯ ತುದಿಯಲ್ಲಿ ಹಾರ್ನು ಕೇಳಿಸಿತು. ಕಪ್ಪು ಜೀಪು. ದೋನ್ ರುಫೀನೋ ಇಳಿದು, ಇಟ್ಟಿಗೆಗಳ ಮೇಲೆ ಕೂತ ಕಾರನ್ನು ನೋಡಿದ. ಬಗ್ಗಿ ಇಟ್ಟಿಗೆಗಳನ್ನು ಎಣಿಸಿದ. ಬೈದಿದ್ದರೇ ವಾಸಿಯಿತ್ತು. ಆಮೇಲೆ ಅವನ ಕಣ್ಣು ಮಖಮಲ್ಲಿನ ಡಬ್ಬಿಯ ಮೇಲೆ ಬಿತ್ತು.

"ಇದೇನಿದು ಬೀಗರೇ?"

ಒಂದು ಚಕ್ರ ಎತ್ತಿ ಬೆಳಕಿಗೆ ಹಿಡಿದ. ತನ್ನ ಕೋಟಿನ ಜೇಬಿಗೆ ಕೈ ಹಾಕಿ, ಅವತ್ತೇ ಪೂಜೆ ಮಾಡಿಸಿ ತಂದಿದ್ದ ಪುಟ್ಟ ಕಪ್ಪು ಜೀಪೊಂದನ್ನು ತೆಗೆದ. ಅದರ ಪ್ಲಾಸ್ಟಿಕ್ ಚಕ್ರ ಕಳಚಿ, ಬೆಳ್ಳಿಯದನ್ನು ಅಚ್ಚಿಗೆ ಒತ್ತಿದ.

ಟಕ್!

ಎರಡನೆಯದು ಟಕ್. ಮೂರನೆಯದು, ನಾಲ್ಕನೆಯದು. ಅಂಗೈ ಮೇಲೆ ಓಡಿಸಿದರೆ ಬೆಣ್ಣೆಯಂತೆ ಓಡಿತು.

"ಅಳತೆ ಅಂದ್ರೆ ಇದಪ್ಪಾ!" ಎಂದು ಎಪಿಫಾನಿಯಾ ಚಪ್ಪಾಳೆ ತಟ್ಟಿದಳು. ಓಣಿಯವರೆಲ್ಲ ತಟ್ಟಿದರು. ಕ್ಲೆಮೆಂತೆಯ ಮುಖಕ್ಕೆ ಮತ್ತೆ ಕಳೆ ಬಂತು.

ರುಫೀನೋ ಪುಟ್ಟ ಜೀಪನ್ನು ಎದೆಗೊತ್ತಿಕೊಂಡ. "ಈ ವರ್ಷ ಜೀಪಿಗೆ ಹೊಸ ಚಕ್ರ ಹಾಕಿಸ್ಬೇಕು ಅಂತ ನನ್ನ ಹೆಂಡತಿಗೂ ಹೇಳಿರಲಿಲ್ಲ. ನಿಮಗೆ ಹೇಗೆ ಗೊತ್ತಾಯ್ತು ಬೀಗರೇ? ನಿಮ್ಮದು ಇಟ್ಟಿಗೆ ಮೇಲೆ ಕೂತಿದೆ, ಆದ್ರೂ ನನ್ನದಕ್ಕೆ ಬೆಳ್ಳಿ ಚಕ್ರ ಮಾಡಿಸಿದ್ರಲ್ಲ!" ಎಂದು ಬೆನಿಗ್ನೋನನ್ನು ಮೂಳೆ ಮುರಿಯುವಂತೆ ತಬ್ಬಿಕೊಂಡ. ಅಷ್ಟು ಜನರೆದುರು ಬೆನಿಗ್ನೋ ಇಲ್ಲ ಎನ್ನಲಾರದೆ, ಹೌದೆನ್ನಲೂ ಆಗದೆ, ಬೀಗನ ಭುಜದ ಮೇಲಿಂದ ಸಬೀನಾಳನ್ನು ನೋಡಿದ. ಅವಳು ಆಲೂಗಡ್ಡೆ ಹೆರೆಯಲು ಒಳಗೆ ಹೋದಳು.

ಮರುದಿನ ವಿಲ್ಮಾ ಕಪ್ಪು ಜೀಪಿನ ಮುಂದಿನ ಸೀಟಿನಲ್ಲಿ ಕೂತು ಚರ್ಚಿಗೆ ಹೋದಳು. ಬೆನಿಗ್ನೋ ಹಿಂದಿನ ಸೀಟಿನಲ್ಲಿ ಸೆವೆರೋ ಮತ್ತು ಕ್ಲೆಮೆಂತೆಯ ನಡುವೆ ಸಿಕ್ಕಿಕೊಂಡು, ತೊಡೆಯ ಮೇಲೆ ಮದುವೆಯ ಕೇಕು ಇಟ್ಟುಕೊಂಡಿದ್ದ. ಅವನಿಗೆ ಕಾಣುತ್ತಿದ್ದದ್ದು ಮಗಳ ತಲೆಯ ಬಿಳಿ ಹೂವು ಮಾತ್ರ. ಅಳು ಬಂತು. ಆದರೆ ಕೇಕು ಹಿಡಿದ ಕೈಯಿಂದ ಕಣ್ಣೊರೆಸಿಕೊಳ್ಳಲಾಗಲಿಲ್ಲ.

ಎಕೇಕೋ ಮಾತ್ರ ತನ್ನ ಕೆಲಸ ತಪ್ಪಿಸಲಿಲ್ಲ. ಕೆಲವೇ ವಾರಗಳಲ್ಲಿ, ಕಾರ್ನಿವಲ್ ಹಬ್ಬ ಮುಗಿಯುವ ಮೊದಲೇ, ರುಫೀನೋನ ಜೀಪಿಗೆ ಥಳಥಳ ಹೊಳೆಯುವ ಹೊಸ ಚಕ್ರಗಳು ಬಂದವು. ಆತ ಉಪಕಾರ ಮರೆಯುವವನಲ್ಲ. ಜೀಪಿನ ಹಳೆಯ ನಾಲ್ಕನ್ನೂ ತೊಳೆಸಿ, ರಿಬ್ಬನ್ ಕಟ್ಟಿಸಿ, ವಿಲ್ಮಾಳ ಕೈಯಲ್ಲೇ ತವರಿಗೆ ಕಳಿಸಿದ. ಓಣಿ ಮತ್ತೆ ನೆರೆಯಿತು. ಕಾರು ಇನ್ನೂ ಇಟ್ಟಿಗೆಗಳ ಮೇಲೆಯೇ ಇತ್ತು.

ಬೆನಿಗ್ನೋ ಒಂದು ಚಕ್ರದ ರಿಬ್ಬನ್ ಬಿಚ್ಚಿ, ಬೆರಳಿಟ್ಟು ತೂತು ಎಣಿಸಿದ. ನಂಬಲಾರದೆ ಇನ್ನೊಮ್ಮೆ ಎಣಿಸಿದ.

ಆರು ಇದ್ದವು.